ಕೆಂಪು ಹಿಡಿ

ಈರವ್ವನ ಕೈಯಲ್ಲಿ ಟೆಕ್ಸಾಸ್‌ನ ಹನ್ನೊಂದು ಕೂಸುಗಳು ಮಿಂದಿದ್ದವು. ಆಸ್ಟಿನ್ನಿನಲ್ಲಿ ಐದು, ಡಾಲಸ್ ಕಡೆ ನಾಲ್ಕು, ಹ್ಯೂಸ್ಟನ್ನಿನಲ್ಲಿ ಎರಡು. ಹನ್ನೆರಡನೆಯದು ಡಾಲಸ್ ಪಕ್ಕದ ಲಾಸ್ ಕೊಲಿನಾಸ್‌ನ ಒಂದು ಗಂಡುಕೂಸು. ಆ ಕೂಸಿಗೆ ಹೆಸರಿಟ್ಟ ದಿನ ಅವಳು ಸತ್ತಳು.

ಸುದ್ದಿ ಬಂದದ್ದು ಭಾನುವಾರ ಸಂಜೆ, ಫೋನಿನಲ್ಲಿ. ಮಾಡಿದವನು ಆ ಮನೆಯ ಯಜಮಾನ ವಿಶ್ವಾಸ್. ಹ್ಯೂಸ್ಟನ್ನಿನಲ್ಲಿ ಫೋನೆತ್ತಿದವನು ಈರವ್ವನ ತಮ್ಮ ಯಮನಪ್ಪ.

"ಹಾರ್ಟ್ ಅಟ್ಯಾಕ್ ಆಗ್ಬಿಡ್ತು. ಮಧ್ಯಾಹ್ನ ಮಲಗಿದ್ದೋರು ಏಳ್ಲೇ ಇಲ್ಲ. ನಮಗೂ ಶಾಕು."

ಯಮನಪ್ಪ "ಹೌದ್ರಿ" ಅಂದ. ಆಮೇಲೆ "ಆತ್ರಿ" ಅಂದ. ಒಡಹುಟ್ಟಿದ ಅಕ್ಕ ಸತ್ತ ಸುದ್ದಿಗೂ ಎರಡು ಸಲ 'ರಿ' ಹಚ್ಚಿ ಫೋನಿಟ್ಟ. ಮೂವತ್ತು ವರ್ಷ ದೇಶ ಬಿಟ್ಟಿದ್ದರೂ ನಾಲಿಗೆ ಹಾಗೆ ಬಾಗುವುದನ್ನು ಮರೆತಿರಲಿಲ್ಲ. ಅಡಿಗೆಮನೆಯ ನೆಲದ ಮೇಲೆ ಕುಕ್ಕರುಗಾಲಲ್ಲಿ ಕೂತುಬಿಟ್ಟ.

ಮಗಳು ಲಿಗಾಯ ಎದುರಿಗೇ ನಿಂತಿದ್ದಳು. ಹದಿನೇಳು ವರ್ಷದ ಹುಡುಗಿ. ತಾಯಿ ರೋವೆನಾ ಫಿಲಿಪೀನ್ಸಿನವಳು, ನರ್ಸು. ಯಮನಪ್ಪ ಗದಗ ಕಡೆಯವನು. ಇಬ್ಬರೂ ಭೇಟಿಯಾದದ್ದು ರಿಯಾದಿನ ಒಂದು ಆಸ್ಪತ್ರೆಯಲ್ಲಿ. ಅವಳು ವಾರ್ಡಿನಲ್ಲಿದ್ದಳು, ಅವನು ಆಂಬುಲೆನ್ಸ್ ಓಡಿಸುತ್ತಿದ್ದ. ಅವಳಿಗೆ ಹ್ಯೂಸ್ಟನ್ನಿನಲ್ಲಿ ಕೆಲಸ ಸಿಕ್ಕಿತು, ಇವನು ಗಂಡನಾಗಿ ಹಿಂದೆ ಬಂದ. ಈಗ ಆಸ್ಪತ್ರೆಗಳ ಮೈಲಿಗೆ ಬಟ್ಟೆ ಹೊರುವ ಲಾರಿ ಓಡಿಸುತ್ತಾನೆ. ಮಗಳಿಗೆ ತಾಯಿಯ ಭಾಷೆಯಲ್ಲಿ ಸಂತೋಷ ಎಂಬ ಅರ್ಥದ ಹೆಸರಿಟ್ಟರು. ಈರವ್ವನ ಬಾಯಲ್ಲಿ ಅದು ಹೊರಳಲಿಲ್ಲ. ಅವಳು "ಲಿಗವ್ವ" ಅಂದಳು. ಹುಡುಗಿಗೆ ಆ ಹೆಸರೇ ಹಿಡಿಸಿತು.

"ಅತ್ತೆಗೆ ಹಾರ್ಟ್ ಪ್ರಾಬ್ಲಂ ಇರಲಿಲ್ಲ," ಎಂದು ಲಿಗಾಯ ಇಂಗ್ಲಿಷಿನಲ್ಲಿ ಹೇಳಿದಳು.

"ಇತ್ತೇನೋ."

"ಇರಲಿಲ್ಲ. ಏಪ್ರಿಲ್‌ನಲ್ಲಿ ಅಮ್ಮನೇ ಎಲ್ಲ ಟೆಸ್ಟ್ ಮಾಡಿಸಿದ್ದಳು."

"ಸುಮ್ಮನಿರವಾ," ಅಂದ ಯಮನಪ್ಪ. ನೆಲ ನೋಡುತ್ತಲೇ ಇದ್ದ.

ಬಾಣಂತನ ಎಂದರೇನು ಎಂದು ಮಾಡಿಸಿಕೊಂಡವರಿಗೂ ಪೂರ್ತಿ ಗೊತ್ತಿರುವುದಿಲ್ಲ. ಮಾಡಿದವಳ ಮೊಣಕಾಲಿಗೆ ಗೊತ್ತು. ಈರವ್ವ ನಸುಕಿಗೇ ಎದ್ದು ಹರಳೆಣ್ಣೆ ಬಿಸಿ ಮಾಡುತ್ತಿದ್ದಳು. ಬಾಣಂತಿಯ ಬೆನ್ನು, ಸೊಂಟ, ಹೊಟ್ಟೆ, ಒಂದು ತಾಸು ತಿಕ್ಕುವುದು. ಆ ದೇಶದ ಬಾತ್‌ಟಬ್ಬು ನಮ್ಮ ಬಾಣಂತಿಗೆಂದು ಕಟ್ಟಿದ್ದಲ್ಲ. ಟೈಲ್ಸಿನ ಮೇಲೆ ಮೊಣಕಾಲೂರಿ, ಟಬ್ಬಿನ ಅಂಚಿಗೆ ಹೊಟ್ಟೆ ಒತ್ತಿ, ಕೊಡಗಟ್ಟಲೆ ಬಿಸಿನೀರು ಎರೆಯಬೇಕು. ಆಮೇಲೆ ಕಾಲು ಚಾಚಿ ಕೂತು ಕೂಸನ್ನು ಕಣಕಾಲ ಮೇಲೆ ಮಲಗಿಸಿ ಎರೆಯಬೇಕು. ಆಮೇಲೆ ಲೋಬಾನದ ಹೊಗೆ. ಹೊಗೆಗೆ ಮನೆಯ ಅಲಾರಂ ಕೂಗಿಕೊಳ್ಳುತ್ತದೆ. ಕುರ್ಚಿ ಹತ್ತಿ ಟವೆಲ್ಲು ಬೀಸಿ ಅದನ್ನು ಸುಮ್ಮನಾಗಿಸುವುದೂ ಅವಳೇ. ಆಮೇಲೆ ಮೆಂತ್ಯದ ಹಿಟ್ಟು, ಸಬ್ಬಸಿಗೆ ಪಲ್ಯ, ಕಾಳುಮೆಣಸಿನ ಸಾರು. ಕೂಸಿನ ಬಟ್ಟೆ ಮಷೀನಿಗೆ ಹಾಕಬಾರದೆಂದು ಅತ್ತೆಯಂದಿರ ಕಟ್ಟಪ್ಪಣೆ. ಅದೂ ಕೈಯಲ್ಲೇ. ಕಾರು ತನ್ನಷ್ಟಕ್ಕೆ ತಾನೇ ಓಡುವ ಊರದು. ಆದರೆ ಬಾಣಂತಿಯ ಬೆನ್ನು ತನ್ನಷ್ಟಕ್ಕೆ ತಾನೇ ತಿಕ್ಕಿಕೊಳ್ಳುವುದಿಲ್ಲ. ಅದಕ್ಕೆ ಗದಗಿನಿಂದ ಈರವ್ವನೇ ಬರಬೇಕು.

ಅವಳು ಬಂದದ್ದು ತಮ್ಮನನ್ನು ನೋಡಲು, ಆರು ತಿಂಗಳ ವೀಸಾದಲ್ಲಿ. ಯಾರೋ ಒಬ್ಬರು ಬಾಣಂತನಕ್ಕೆ ಕರೆದರು. ಅವರು ಇನ್ನೊಬ್ಬರಿಗೆ ಹೇಳಿದರು. ವಾಟ್ಸಾಪ್ ಗ್ರೂಪಿನಲ್ಲಿ "ಈರವ್ವ ಅಕ್ಟೋಬರ್ ತನಕ ಬುಕ್ ಆಗಿದ್ದಾರೆ" ಎಂದು ಬರೆದುಕೊಂಡರು. ವೀಸಾ ಮುಗಿದು ಎರಡು ವರ್ಷವಾಗಿತ್ತು. ಅದು ಬುಕ್ ಮಾಡಿದವರಿಗೆಲ್ಲ ಗೊತ್ತಿತ್ತು. ಯಾರಿಗೂ ಅದು ಅಡ್ಡಿಯಾಗಲಿಲ್ಲ.

ಇನ್ನೊಂದು ಮಾತಿದೆ. ಅದನ್ನೂ ಇಲ್ಲೇ ಹೇಳಿಬಿಡುತ್ತೇನೆ. ಊರಲ್ಲಿ ಈರವ್ವನ ಅವ್ವ ಸೂಲಗಿತ್ತಿ. ಗೌಡರ ಮನೆಯ ಕೂಸನ್ನೂ ಮೊದಲು ಮುಟ್ಟುತ್ತಿದ್ದುದು ಅವಳ ಕೈ. ಸೂತಕದ ಹತ್ತು ದಿನ ಆ ಕೈ ಬೇಕು. ಹನ್ನೊಂದನೆಯ ದಿನ ಭಟ್ಟರು ಬಂದು ನೀರು ಚಿಮುಕಿಸಿದರೆ ಮನೆ ಮಡಿಯಾಯಿತು. ಆ ಕೈ ಊರ ಹೊರಗಿನ ಕೇರಿಗೆ ವಾಪಸು. ಲಿಗಾಯಳಿಗೆ ಇದು ಯಾವುದೂ ಗೊತ್ತಿರಲಿಲ್ಲ. ಯಮನಪ್ಪ ಹೇಳಿರಲಿಲ್ಲ. ಕೇರಿ ಹೇಳಲಿಲ್ಲ, ಜಾತಿ ಹೇಳಲಿಲ್ಲ, ಬೊಗಸೆಯೊಡ್ಡಿ ಕುಡಿದ ನೀರಿನ ಮಾತು ಎತ್ತಲಿಲ್ಲ. ಕೇಳುವವರೇ ಇಲ್ಲದ ಊರಿಗೆ ಬಂದಿದ್ದೇನೆ, ನನ್ನೊಂದಿಗೇ ಮುಗಿದುಹೋಗಲಿ ಎಂದುಕೊಂಡಿದ್ದ. ಅಕ್ಕನಿಗೆ ಮಾತ್ರ ಎಚ್ಚರಿಕೆ ಕೊಟ್ಟಿದ್ದ. "ಕೇಳಿದ್ರ ಊರು ಹೇಳು. ಕೇರಿ ಹೇಳಬ್ಯಾಡ." ಈರವ್ವ ಎಂಬ ಹೆಸರು ಎಲ್ಲ ಜಾತಿಯಲ್ಲೂ ಇರುತ್ತದೆ. ಹನ್ನೊಂದು ಮನೆಯ ಹೊಸ್ತಿಲನ್ನು ಅವಳು ಆ ಹೆಸರಿನ ಮೇಲೇ ದಾಟಿದ್ದಳು.

ಮಗಳಿಗೆ ಅವನು ಹೇಳಿದ್ದು ಚಂದದ್ದು ಮಾತ್ರ. ನಿಮ್ಮ ಮುತ್ತ್ಯಾ, ಅಂದರೆ ನಮ್ಮಪ್ಪ, ಊರದೇವಿ ದ್ಯಾಮವ್ವನ ಮುಂದೆ ಹಲಗಿ ಬಾರಿಸುತ್ತಿದ್ದ, ಇಡೀ ಊರು ಕುಣಿಯುತ್ತಿತ್ತು ಎಂದು. ಲಿಗಾಯ ಸ್ಕೂಲಿನ ಮಾರ್ಚಿಂಗ್ ಬ್ಯಾಂಡಿನಲ್ಲಿ ಡ್ರಮ್ ಬಾರಿಸುವವಳು. ಅತ್ತೆ ಬಂದಾಗ ಹಲಗಿಯ ಪೆಟ್ಟನ್ನು ಕೇಳಿ ಕಲಿತಿದ್ದಳು. ಈರವ್ವ ಕೂಸುಗಳನ್ನು ತಟ್ಟಿ ಮಲಗಿಸುತ್ತಿದ್ದುದೂ ಅದೇ ಪೆಟ್ಟಿನಲ್ಲಿ: ಎರಡು ಮೆಲ್ಲಗೆ, ಒಂದು ಜೋರು.

ಸಾಯುವ ಮೂರು ದಿನ ಮೊದಲು, ಗುರುವಾರ, ಲಿಗಾಯ ಅತ್ತೆಗೆ ವಿಡಿಯೋ ಕಾಲ್ ಮಾಡಿದ್ದಳು. ಈರವ್ವ ತೊಟ್ಟಿಲ ಪಕ್ಕ ಕೂತು ಕೂಸನ್ನು ತಟ್ಟುತ್ತಿದ್ದಳು. ವಿಶ್ವಾಸನ ತಾಯಿ ಅನುಸೂಯಾ ನಡುವೆ ಮುಖ ತೂರಿಸಿದರು. ಮೈಸೂರಿನವರು, ಮೊಮ್ಮಗನಿಗಾಗಿ ಬಂದವರು.

"ನೀನೇನಾ ಈರವ್ವ ಹೇಳೋ ಲಿಗವ್ವ? ಕನ್ನಡ ಬರುತ್ತಾಮ್ಮ?"

"ಸ್ವಲ್ಪ ಬರ್ತೈತ್ರಿ."

"ಅಯ್ಯೋ, ಎಷ್ಟು ಮುದ್ದಾಗಿ ಮಾತಾಡ್ತೀಯ! ನಿಮ್ಮ ಮನೆದೇವರು ಯಾವುದಮ್ಮ?"

ನಮ್ಮವರು ಜಾತಿ ಕೇಳುವುದಿಲ್ಲ. ಅಮೆರಿಕದಲ್ಲಂತೂ ಕೇಳುವುದೇ ಇಲ್ಲ, ಅಷ್ಟು ಮುಂದುವರಿದಿದ್ದಾರೆ. ಮನೆದೇವರು ಕೇಳುತ್ತಾರೆ. ಊಟ ಹೇಗೆ, ವೆಜ್ಜಾ ಎಂದು ಕೇಳುತ್ತಾರೆ. ಲಿಗಾಯ ಮನೆಯಲ್ಲಿ ಕನ್ನಡ ಕೇಳಿ ಇಂಗ್ಲಿಷಿನಲ್ಲಿ ಉತ್ತರ ಕೊಡುವ ಹುಡುಗಿ. ಆವತ್ತು ಹಿರಿಯರು ಮೆಚ್ಚಿದರೆಂದು ಪದಪದ ಜೋಡಿಸಿ ಕನ್ನಡದಲ್ಲೇ ಹೇಳಿದಳು.

"ನಮ್ಮ ದೇವರು ದ್ಯಾಮವ್ವ. ನಮ್ಮ ಮುತ್ತ್ಯಾ ದೇವರ ಮುಂದ ಹಲಗಿ ಬಾರಸ್ತಿದ್ದ. ನಾನೂ ಡ್ರಮ್ ಬಾರಸ್ತೀನಿ."

"ಹೌದಾ," ಅಂದರು ಅನುಸೂಯಾ. "ಒಳ್ಳೇದು."

ಅವರ ನಗು ಇದ್ದಲ್ಲೇ ಇತ್ತು. ಹಿಂದೆ ಕೂಸನ್ನು ತಟ್ಟುತ್ತಿದ್ದ ಕೈ ನಿಂತುಹೋಯಿತು. ಆಮೇಲೆ ಫೋನಿನಲ್ಲಿ ಸೂರು ಕಂಡಿತು, ಕಾಲ್ ಕಟ್ಟಾಯಿತು.

ಸೋಮವಾರ ವಿಶ್ವಾಸ್ ಮತ್ತೆ ಫೋನ್ ಮಾಡಿದ. ಎಲ್ಲ ವ್ಯವಸ್ಥೆ ನಾನೇ ಮಾಡಿದ್ದೇನೆ, ಗೊತ್ತಿರುವ ಡಾಕ್ಟರು ಸರ್ಟಿಫಿಕೇಟು ಬರೆದುಕೊಟ್ಟಿದ್ದಾರೆ, ಬುಧವಾರ ಸಂಜೆ ದಹನ, ನಿಮ್ಮದೊಂದು ಸೈನ್ ಬೇಕು, ಈರವ್ವನ ಪಾಸ್‌ಪೋರ್ಟ್ ತನ್ನಿ ಎಂದ. ಪಾಸ್‌ಪೋರ್ಟ್ ಆಸ್ಟಿನ್ನಿನಲ್ಲಿತ್ತು. ಹಿಂದೆ ಬಾಣಂತನ ಮಾಡಿಸಿಕೊಂಡ ಶೀತಲ್ ಎಂಬವಳು 'ಭದ್ರ ಇರಲಿ' ಎಂದು ತನ್ನ ಬೀರುವಿನಲ್ಲಿ ಇಟ್ಟುಕೊಂಡಿದ್ದಳು. ತಂದೆ ತಾಯಿ ಮಂಗಳವಾರ ನೇರ ಡಾಲಸ್ಸಿಗೆ ಹೋಗುತ್ತೇವೆಂದರು. ಅದೇ ದಿನ ನಸುಕಿಗೆ ಲಿಗಾಯ ಒಬ್ಬಳೇ ಆಸ್ಟಿನ್ನಿಗೆ ಡ್ರೈವ್ ಮಾಡಿಕೊಂಡು ಹೋದಳು.

ಶೀತಲ್ ಹುಬ್ಬಳ್ಳಿಯವಳು. ಡೊಮೇನ್ ಎಂಬ ಬಡಾವಣೆಯ ಹತ್ತಿರ ಆಫೀಸು, ಅಲ್ಲೇ ಮೂರಂತಸ್ತಿನ ಮನೆ. ಬಾಗಿಲಲ್ಲೇ ಅಪ್ಪಿಕೊಂಡು ಅತ್ತಳು. ಆ ಅಳು ಸುಳ್ಳಲ್ಲ.

"ಅತ್ತೆಗೆ ಹುಷಾರಿರಲಿಲ್ಲವಾ?" ಲಿಗಾಯ ಕೇಳಿದಳು.

"ಛೇ ಛೇ. ಮೂರು ಅಂತಸ್ತು ಬಿಸಿನೀರು ಹೊತ್ಕೊಂಡು ಏರತಿದ್ಲು. ನನಗ ಏದುಸಿರು ಬರ್ತಿತ್ತು, ಅಕಿಗೆ ಇಲ್ಲ." ಶೀತಲ್ ಮೂಗೊರೆಸಿಕೊಂಡಳು. "ಶುಕ್ರವಾರ ಅನುಸೂಯಾ ಆಂಟಿ ಫೋನ್ ಮಾಡಿ ಬೈದ್ರು. 'ಗೊತ್ತಿದ್ದೂ ನಮ್ಮನೆಗೆ ಕಳಿಸಿದ್ಯಾ' ಅಂತ."

"ಏನು ಗೊತ್ತಿದ್ದು?"

ಶೀತಲ್ ಚಹಾದ ಕಪ್ಪು ಕೆಳಗಿಟ್ಟಳು. "ನಿಮ್ಮಪ್ಪ ಹೇಳಿಲ್ಲೇನು?"

ಹದಿನೇಳು ವರ್ಷ ಅಪ್ಪ ಮುಚ್ಚಿಟ್ಟದ್ದನ್ನು ಅವಳು ಐದು ನಿಮಿಷದಲ್ಲಿ ಹೇಳಿ ಮುಗಿಸಿದಳು. ಹಲಗಿ ಯಾರು ಬಾರಿಸುತ್ತಾರೆ, ಅದರ ಚರ್ಮ ಯಾರು ಹದ ಮಾಡುತ್ತಾರೆ, ಅವರು ಎಲ್ಲಿ ನಿಲ್ಲಬೇಕು. ಕೊನೆಗೆ, "ನಾವು ಅದೆಲ್ಲಾ ನೋಡೂದಿಲ್ಲವಾ," ಅಂದಳು. "ಮೊದಲನೇ ವಾರಕ್ಕ ನಮಗ ಡೌಟ್ ಬಂದಿತ್ತು. ಆದ್ರೂ ಇಟ್ಕೊಂಡ್ವಿ. ತಾಟು ಒಂದ ಬ್ಯಾರೆ ಇಟ್ಟಿದ್ವಿ. ಅಕಿಗೂ ಅದ ಕಂಫರ್ಟೆಬಲ್ ಇತ್ತು."

ತಾಟು ಸಿಂಕಿನ ಕೆಳಗೆ, ಫಿನಾಯಿಲ್ ಬಾಟಲಿಯ ಪಕ್ಕದಲ್ಲಿತ್ತು. ಸ್ಟೀಲಿನದು, ಮೇಲೊಂದು ಲೋಟ. ಈಗಲೂ ತೊಳೆದು ಕವುಚಿಟ್ಟಿತ್ತು. ಲಿಗಾಯ ಬಗ್ಗಿ ಎರಡನ್ನೂ ತೆಗೆದುಕೊಂಡಳು. ಶೀತಲ್ ಬೇಡವೆನ್ನಲಿಲ್ಲ.

"ಅವರಿಗೆ ಯಾರು ಹೇಳಿದ್ದು?"

"ನೀನ ಹೇಳಿದ್ಯಂತಲ್ಲವಾ," ಅಂದಳು ಶೀತಲ್. "ವಿಡಿಯೋದಾಗ."

ಆಸ್ಟಿನ್ನಿನಿಂದ ಡಾಲಸ್ಸಿಗೆ ಮೂರು ತಾಸಿನ ದಾರಿ. ಮುಂದೆ ಲಾರಿ, ಹಿಂದೆ ಲಾರಿ, ಎಡಕ್ಕೆ ಕಾಂಕ್ರೀಟ್ ಗೋಡೆ. ತಾಟು ಪಕ್ಕದ ಸೀಟಿನಲ್ಲಿ ಗಡಗಡ ಅನ್ನುತ್ತಿತ್ತು. ಲಿಗಾಯ ಆ ಮೂರು ವಾಕ್ಯಗಳನ್ನು ಬಾಯಲ್ಲಿ ತಿರುತಿರುಗಿ ಹೇಳಿಕೊಂಡಳು. ನಮ್ಮ ದೇವರು. ನಮ್ಮ ಮುತ್ತ್ಯಾ. ನಾನೂ ಬಾರಸ್ತೀನಿ. ಕಾರು ನಿಲ್ಲಿಸಲು ಜಾಗವಿರಲಿಲ್ಲ.

ಆ ಸಂಜೆ ಫ್ಯೂನರಲ್ ಹೋಮಿನ ಒಳಕೋಣೆಯಲ್ಲಿ ರೋವೆನಾ ಮತ್ತು ಲಿಗಾಯ ಈರವ್ವನ ಮೈ ತೊಳೆದರು. ಹನ್ನೆರಡು ಕೂಸುಗಳಿಗೆ ನೀರೆರೆದವಳಿಗೆ ನೀರೆರೆಯಲು ಇಬ್ಬರೇ. ಗಂಡಸು ಬರಬಾರದೆಂದು ಯಮನಪ್ಪ ಹೊರಗೆ ಗೋಡೆಗೆ ಒರಗಿ ನಿಂತಿದ್ದ. ರೋವೆನಾ ಅಳುತ್ತಲೇ ಕೈಕೆಲಸ ನಿಲ್ಲಿಸದ ಹೆಂಗಸು. ಇಪ್ಪತ್ತೆರಡು ವರ್ಷ ರೋಗಿಗಳ ಮೈ ಒರೆಸಿದವಳು. ಕಾಲಿಗೆ ಬಂದಾಗ ಅವಳ ಕೈ ನಿಂತಿತು.

"ನೋಡು," ಅಂದಳು.

ಎರಡೂ ಹಿಮ್ಮಡಿ ಸುಲಿದಿದ್ದವು. ಸುಲಿದ ಜಾಗದಲ್ಲಿ ಬೂದು ಬಣ್ಣದ ಪುಡಿ ಮೆತ್ತಿತ್ತು. ರೋವೆನಾ ಕೈಗಳನ್ನು ತಿರುಗಿಸಿದಳು. ಎರಡೂ ಅಂಗೈಯ ಅಂಚು ಕಿರುಬೆರಳಿನಿಂದ ಮಣಿಕಟ್ಟಿನವರೆಗೆ ಕಪ್ಪುಗಟ್ಟಿತ್ತು.

"ಮಲಗಿ ಸತ್ತವಳಲ್ಲ ಇವಳು. ಎಳೆದಿದ್ದಾರೆ. ಅದಕ್ಕೂ ಮೊದಲು ಇವಳು ಏನನ್ನೋ ಬಹಳ ಹೊತ್ತು ಬಡಿದಿದ್ದಾಳೆ."

ಲಿಗಾಯ ಫೋಟೋ ತೆಗೆದಳು. ಹಿಮ್ಮಡಿಯದೊಂದು, ಅಂಗೈಯದೊಂದು.

ಮೋಟೆಲಿನ ಕೋಣೆಯಲ್ಲಿ ಯಮನಪ್ಪ ಫೋಟೋ ನೋಡಿದ. ನೋಡಿ ಫೋನನ್ನು ಹಾಸಿಗೆಯ ಮೇಲೆ ಬೋರಲಾಗಿಟ್ಟ.

"ಪೊಲೀಸರಿಗೆ ಹೇಳೋಣ," ಅಂದಳು ಲಿಗಾಯ.

"ಹೇಳಿದ್ರ ಮೊದಲು ನನ್ನ ಕೇಳತಾರ. ವಿಶ್ವಾಸ್ ಸಾಹೇಬ್ರು ಬಿಡಿಸಿ ಹೇಳ್ಯಾರ. ವೀಸಾ ಮುಗಿದಾಕಿನ್ನ ಕರಕೊಂಡು ಬಂದು ಬಿಟ್ಟಾಂವ ನಾ. ನನ್ನ ಕೈಯಾಗ ಇರೂದು ಗ್ರೀನ್ ಕಾರ್ಡ್ ಅಷ್ಟ. ಈಗಿನ ದಿನಮಾನ ನೋಡೀಯಿಲ್ಲ? ಸಣ್ಣ ನೆವ ಸಿಕ್ರ ಸಾಕು. ನಿಮ್ಮವ್ವನ ನೌಕರಿ, ನಿನ್ನ ಕಾಲೇಜು..."

"ನಾಳೆ ಸುಟ್ಟರೆ ಏನೂ ಉಳಿಯುವುದಿಲ್ಲ, ಅಪ್ಪಾ."

"ಸುಡೂದು ಅವರ ಪದ್ಧತಿ," ಅಂದ ಯಮನಪ್ಪ, ಯಾರಿಗೋ ಹೇಳುವವನಂತೆ. "ನಮ್ಮಾಗ ಹೂಳತಾರ."

"ಮತ್ತೆ ಯಾಕೆ ಸೈನ್ ಮಾಡುತ್ತೀ?"

ಅವನು ಬೋರಲಾಗಿಟ್ಟ ಫೋನನ್ನು ಅವಳತ್ತ ಸರಿಸಿದ. ಅವಳ ಮುಂದಿನ ಮಾತು ಇಂಗ್ಲಿಷಿನಲ್ಲಿ ಬರಲಿಲ್ಲ, ಕನ್ನಡದಲ್ಲಿ ಬಂತು. "ನನಗ ಯಾಕ ಹೇಳಲಿಲ್ಲಪ್ಪಾ? ಗೊತ್ತಿದ್ರ ನಾ ಬಾಯಿ ಮುಚ್ಕೊಂಡಿರ್ತಿದ್ದೆ."

"ಹೇಳಿದ್ರ ನೀನೂ ಹೊರಬೇಕಿತ್ತವಾ," ಅಂದ ಅವನು. "ನನಗ ಅಷ್ಟ ಸಾಕು ಅನಕೊಂಡೆ."

ರೋವೆನಾ ಇಬ್ಬರ ನಡುವೆ ಕೂತಳು. ಅವಳಿಗೆ ಕನ್ನಡ ಅರ್ಧ ಗೊತ್ತಿತ್ತು. ಉಳಿದರ್ಧ ಅವರ ಮುಖದಲ್ಲಿ ತಿಳಿಯಿತು.

ಬುಧವಾರ ಮಧ್ಯಾಹ್ನ ಮೂವರೂ ಆ ಮನೆಗೆ ಹೋದರು. ಬಾಗಿಲಿಗೆ ಕಟ್ಟಿದ ಮಾವಿನೆಲೆ ಇನ್ನೂ ಹಸಿರಿತ್ತು, ಪ್ಲಾಸ್ಟಿಕ್ಕಿನದು. ಹೊರಗೆ ನೂರಾ ಆರು ಡಿಗ್ರಿ ಫ್ಯಾರನ್‌ಹೀಟ್. ಭಾನುವಾರವೂ ಅಷ್ಟೇ ಇತ್ತು. ಒಳಗೆ ಎಸಿಯ ತಣ್ಣಗಿನ ಗಾಳಿ. ವಿಶ್ವಾಸ್ ಕೈ ಮುಗಿದ. "ಬನ್ನಿ, ಕೂತ್ಕೊಳ್ಳಿ" ಅಂದ. ಯಮನಪ್ಪ ಸೋಫಾದ ತುದಿಯಲ್ಲಿ ಅರ್ಧವೇ ಕೂತ. ಬಿಳಿ ಸೋಫಾ, ಹ್ಯೂಸ್ಟನ್ನಿನಿಂದ ಬಂದ ಪ್ಯಾಂಟು. ಕೊಳೆಯಾದೀತೆಂದು ಅವನಿಗೇ ಭಯ.

ಅನುಸೂಯಾ ಕಣ್ಣೊರೆಸಿಕೊಂಡರು. "ನಮ್ಮ ಮನೆಯವಳ ಥರಾನೇ ಇದ್ದಳು ಕಣಪ್ಪ. ಮಗು ಈಗ ಯಾರ ಹತ್ರಾನೂ ಮಲಗ್ತಿಲ್ಲ."

ವಿಶ್ವಾಸ್ ಕಾಗದ ಮುಂದಿಟ್ಟ. ದಹನಕ್ಕೆ ಹತ್ತಿರದ ಸಂಬಂಧಿಯ ಒಪ್ಪಿಗೆ. ಪೆನ್ನಿನ ಮುಚ್ಚಳವನ್ನೂ ತಾನೇ ತೆಗೆದುಕೊಟ್ಟ. "ನಾಲ್ಕು ಗಂಟೆಗೆ ಸ್ಲಾಟ್ ಇದೆ. ಇಲ್ಲಿ, ಮತ್ತೆ ಇಲ್ಲಿ."

"ಅತ್ತೆ ಎಲ್ಲಿ ಮಲಗಿದ್ದಳು?" ಲಿಗಾಯ ಇಂಗ್ಲಿಷಿನಲ್ಲಿ ಕೇಳಿದಳು. "ನೋಡಬೇಕು."

ವಿಶ್ವಾಸ್ ತಾಯಿಯ ಮುಖ ನೋಡಿದ. ಆಮೇಲೆ ಕೆಳಗಿನ ಗೆಸ್ಟ್ ರೂಮ್ ತೋರಿಸಿದ. ದೊಡ್ಡ ಹಾಸಿಗೆ, ಬಿಳಿ ಹೊದಿಕೆ, ನಾಲ್ಕು ದಿಂಬು. ಲಿಗಾಯ ಒಂದೊಂದೇ ದಿಂಬನ್ನು ಮೂಗಿಗೆ ಹಿಡಿದಳು. ಹ್ಯೂಸ್ಟನ್ನಿನಲ್ಲಿ ಅತ್ತೆ ಒಂದು ರಾತ್ರಿ ಮಲಗಿ ಹೋದರೆ ವಾರಗಟ್ಟಲೆ ದಿಂಬಿಗೆ ಹರಳೆಣ್ಣೆಯ ವಾಸನೆ. ಸೋಪು ಹಾಕಿದರೂ ಹೋಗುತ್ತಿರಲಿಲ್ಲ. ಇಲ್ಲಿ ಹೊಸ ಬಟ್ಟೆಯ ವಾಸನೆ ಮಾತ್ರ ಇತ್ತು.

"ಇಲ್ಲಿ ಅವಳು ಮಲಗಿಲ್ಲ," ಅಂದಳು.

ಹಿಮ್ಮಡಿಗೆ ಮೆತ್ತಿದ್ದ ಬೂದು ಪುಡಿ ಈ ಹೊಳೆಯುವ ನೆಲದ್ದಲ್ಲ. ಅವಳು ಹೊರಬಂದು ಸೀದಾ ನಡೆದಳು. ಅಡಿಗೆಮನೆ, ಅದರಾಚೆ ಬಟ್ಟೆ ಒಗೆಯುವ ಕೋಣೆ, ಅದರಾಚೆ ಗ್ಯಾರೇಜಿನ ಬಾಗಿಲು. ಬಾಗಿಲಿಗೆ ಮನೆಯ ಕಡೆಯಿಂದ ಚಿಲಕ. "ಅಲ್ಲಿಗೆ ಯಾಕಮ್ಮ ಹೋಗ್ತೀಯ?" ಎಂದು ಅನುಸೂಯಾ ಹಿಂದೆಯೇ ಬಂದರು. ಲಿಗಾಯ ಚಿಲಕ ತೆಗೆದಳು.

ಧಗೆ ಮುಖಕ್ಕೆ ಹೊಡೆಯಿತು. ಕಿಟಕಿ ಇಲ್ಲ. ನೆಲಕ್ಕೆ ಬೂದು ಬಣ್ಣ. ಒಂದು ಕಾರು, ಕ್ರಿಸ್‌ಮಸ್ ದೀಪಗಳ ಡಬ್ಬಿಗಳು, ಗೋಡೆಯ ಪಕ್ಕ ಮಡಚಿಟ್ಟ ಚಾಪೆ. ಚಿಲಕ ತೆಗೆದ ಬಾಗಿಲಿನ ಗ್ಯಾರೇಜ್ ಕಡೆಯ ಮೈ ಬಿಳಿ. ಬೆಳಕು ಬಿದ್ದಾಗ ಆ ಬಿಳಿಯ ಮೇಲೆ ಅಂಗೈಗಳು ಕಂಡವು. ಎಣ್ಣೆಯ ಅಂಗೈಗಳು. ಧೂಳು ಕೂತು ಕಂದಾಗಿದ್ದವು. ಎದೆಯ ಎತ್ತರಕ್ಕೆ ಹತ್ತಾರು, ಅದರ ಕೆಳಗೆ ಸೊಂಟದ ಎತ್ತರಕ್ಕೆ, ಅದರ ಕೆಳಗೆ, ನೆಲದಿಂದ ಒಂದು ಗೇಣಿನಲ್ಲಿ, ನಾಲ್ಕೈದು. ಕೊನೆಯವು ಜಾರಿದ್ದವು.

ರೋವೆನಾ ಬಾಯಿಗೆ ಕೈ ಅಡ್ಡ ಹಿಡಿದಳು. ಯಮನಪ್ಪ ಪೆನ್ನು, ಕಾಗದ ಹಿಡಿದುಕೊಂಡೇ ಬಂದಿದ್ದ.

"ನೀವು ಕೇಳಿದ್ರಿ, ನಾ ಹೇಳಿದೆ," ಲಿಗಾಯ ಅನುಸೂಯಾರತ್ತ ತಿರುಗಿದಳು. ಕನ್ನಡದಲ್ಲೇ ಹೇಳಿದಳು. "ಈಗ ನಾ ಕೇಳತೀನಿ. ನೀವು ಹೇಳ್ರಿ."

"ಎರಡೇ ಗಂಟೆ ಅಂದಿದ್ದು," ಅಂದರು ಅನುಸೂಯಾ. ತುಟಿ ಅದುರುತ್ತಿತ್ತು. "ಹತ್ತು ದಿನ ಸೂತಕ, ನಡೀತು. ಹನ್ನೊಂದನೇ ದಿನ ಪುಣ್ಯಾಹ ಆಗ್ಬೇಕಲ್ಲಮ್ಮ. ಪುರೋಹಿತರು, ಅಷ್ಟು ಜನ. ಎರ್ಡು ಗಂಟೆ ಇಲ್ಲಿರು, ಸದ್ದು ಮಾಡ್ಬೇಡ ಅಂದೆ. ಹೂಂ ಅಂದಳು, ಅವಳೇ ಚಾಪೆ ತಗೊಂಡಳು. ಆಮೇಲೆ ಊಟ, ಫೋಟೋ, ಆರತಿ... ಮರೆತೇ ಹೋಯ್ತು. ನಾನೇನು ಕೊಲೆಗಾತೀನಾ?"

"ಮರೀಲಿಲ್ಲ."

ಹೇಳಿದವಳು ಸೊಸೆ ಅನನ್ಯಾ. ಕೂಸನ್ನೆತ್ತಿಕೊಂಡು ಮೆಟ್ಟಿಲಿಳಿದು ಬಂದಿದ್ದಳು, ತಲೆಗೆ ಬಾಣಂತಿಯ ಪಟ್ಟಿ. "ಊಟದ ಹೊತ್ತಿಗೆ ಸದ್ದು ಕೇಳಿಸ್ತು. ಯಾರೋ ಗೆಸ್ಟ್ ಏನದು ಅಂದ್ರು. ಬಟ್ಟೆ ಡ್ರೈಯರಲ್ಲಿ ಶೂ ಹಾಕಿದೀನಿ, ಅದರ ಸದ್ದು ಅಂದ್ರಿ ನೀವು. ಎಲ್ಲಾರೂ ನಕ್ಕರು."

"ಅನನ್ಯಾ, ಮೇಲೆ ಹೋಗು," ಅಂದ ವಿಶ್ವಾಸ್.

"ಆಮೇಲೆ ಮೆತ್ತಗೆ ಬಡಿಯೋಕೆ ಶುರು ಮಾಡಿದ್ರು. ಎರಡು ಮೆಲ್ಲಗೆ, ಒಂದು ಜೋರು. ಮಗು ಆ ಸದ್ದಿಗೆ ನಿದ್ದೆ ಮಾಡ್ತು. ನನ್ನ ಮಗು ನಿದ್ದೆ ಮಾಡ್ತು, ನಾನು ಸುಮ್ನಿದ್ದೆ." ಅವಳು ಲಿಗಾಯಳನ್ನು ನೋಡಿದಳು. "ಕಾರು ಬರೋ ದೊಡ್ಡ ಬಾಗಿಲಿನ ಸ್ವಿಚ್ಚೂ ಲಾಕ್ ಮಾಡಿದ್ರು. ಗೆಸ್ಟ್‌ಗಳ ಕಾರಿನ ಮುಂದೆ ತೆಗೆದುಬಿಟ್ರೆ ಅಂತ. ನಾಲ್ಕು ಗಂಟೆಗೆ ನೋಡಿದಾಗ..." ಮುಂದೆ ಹೇಳಲಿಲ್ಲ. ಕೂಸು ಅಳತೊಡಗಿತು.

ಲಿಗಾಯ ತಲೆಯೆತ್ತಿದಳು. ದೊಡ್ಡ ಬಾಗಿಲಿನ ಮೋಟಾರಿನಿಂದ ಒಂದು ಹಗ್ಗ ಇಳಿಬಿದ್ದಿತ್ತು. ತುದಿಯಲ್ಲಿ ಕೆಂಪು ಹಿಡಿ. ಕರೆಂಟು ಹೋದರೆ, ಸ್ವಿಚ್ಚು ಕೆಟ್ಟರೆ, ಅದನ್ನೆಳೆದರೆ ಸಾಕು. ಬಾಗಿಲು ಮೋಟಾರಿನಿಂದ ಕಳಚಿಕೊಳ್ಳುತ್ತದೆ, ಕೈಯಲ್ಲೇ ಎತ್ತಬಹುದು. ಆ ಊರಿನಲ್ಲಿ ಎಂಟು ವರ್ಷದ ಮಗುವಿಗೂ ಇದು ಗೊತ್ತು. ಈರವ್ವನಿಗೆ ಯಾರೂ ಹೇಳಿರಲಿಲ್ಲ. ಎಲ್ಲ ಮನೆಗಳಲ್ಲೂ ಅವಳಿಗೆ ಒಲೆ ತೋರಿಸಿದ್ದರು, ಟಬ್ಬು ತೋರಿಸಿದ್ದರು, ತಾಟು ತೋರಿಸಿದ್ದರು. ಹೊರಗೆ ಹೋಗುವ ದಾರಿ ತೋರಿಸಿರಲಿಲ್ಲ. ನಾಲ್ಕೈದು ತಾಸು ಆ ಹಿಡಿ ಅವಳ ತಲೆಯ ಮೇಲೆಯೇ ತೂಗಾಡುತ್ತಿತ್ತು.

"ನೋಡಿ ಯಮನಪ್ಪನವರೇ," ವಿಶ್ವಾಸನ ದನಿ ಮೆತ್ತಗಾಯಿತು. "ಆಗಿದ್ದು ಆಗ್ಹೋಯ್ತು. ಪೊಲೀಸ್ ಬಂದ್ರೆ ನಾನೂ ಹೋಗ್ತೀನಿ, ನೀವೂ ಹೋಗ್ತೀರಿ. ಯೋಚ್ನೆ ಮಾಡಿ. ಸೈನ್ ಮಾಡಿ."

ಲಿಗಾಯ ಕಾರಿನ ಬಂಪರ್ ಹತ್ತಿ ಕೆಂಪು ಹಿಡಿ ಎಳೆದಳು. ಟಕ್ ಎಂದಿತು. ಇಳಿದು ಬಾಗಿಲಿನ ಕೆಳಗೆ ಬೆರಳು ತೂರಿಸಿ ಎತ್ತಿದಳು. ಒಂದು ಗೇಣು ಎದ್ದಿತು. ರೋವೆನಾ ಬಂದು ಪಕ್ಕದಲ್ಲಿ ಕೈ ಹಾಕಿದಳು. ಬಾಗಿಲು ತಲೆಯ ಮೇಲಕ್ಕೆ ಹೋಯಿತು. ಬಿಸಿಲು ಒಳಗೆ ನುಗ್ಗಿ ಬಿಳಿ ಬಾಗಿಲಿನ ಮೇಲಿನ ಅಂಗೈಗಳವರೆಗೂ ಬಿತ್ತು. ಎದುರುಮನೆಯಲ್ಲಿ ಹುಲ್ಲು ಕತ್ತರಿಸುತ್ತಿದ್ದ ಇಬ್ಬರು ಮೆಕ್ಸಿಕನ್ ಕೆಲಸಗಾರರು ಮಷೀನು ಆರಿಸಿ ಇತ್ತ ನೋಡಿದರು.

ಯಮನಪ್ಪ ಆ ಬಿಳಿ ಬಾಗಿಲ ಮುಂದೆ ಕುಕ್ಕರಿಸಿದ. ಎಲ್ಲಕ್ಕಿಂತ ಕೆಳಗಿನ, ಜಾರಿದ ಅಂಗೈಯ ಮೇಲೆ ತನ್ನ ಅಂಗೈ ಇಟ್ಟ. ಸರಿಯಾಗಿ ಕೂತಿತು, ಅಕ್ಕ ತಮ್ಮನ ಕೈ ಒಂದೇ ಅಳತೆ. ಎದ್ದಾಗ ಪೆನ್ನನ್ನು ವಿಶ್ವಾಸನ ಕೈಗೆ ಕೊಟ್ಟ. ಕಾಗದವನ್ನೂ ಕೊಟ್ಟ.

"ನಮ್ಮಾಗ ಸುಡೂದಿಲ್ಲ," ಅಂದ. "ಹೂಳತೀವಿ. ಅದಕ್ಕೂ ಮೊದಲ ಅಕಿನ್ನ ಸರಕಾರಿ ಡಾಕ್ಟರು ನೋಡಬೇಕು."

'ರಿ' ಹಚ್ಚಲಿಲ್ಲ. ಹುಟ್ಟಿದಾಗಿನಿಂದ ಅಂಥವರ ಮುಂದೆ 'ರಿ' ಇಲ್ಲದೆ ಅವನು ಆಡಿದ ಮೊದಲ ಮಾತು ಅದು.

"ನಿಮ್ಮ ಗ್ರೀನ್ ಕಾರ್ಡ್—"

"ಹೋಗ್ಲಿ. ನೀನೂ ನಿಲ್ಲು, ನಾನೂ ನಿಲ್ಲತೀನಿ."

ಮುಂದೆ ಏನಾಗುತ್ತದೆಂದು ಅವನಿಗೂ ಗೊತ್ತಿರಲಿಲ್ಲ, ಮಗಳಿಗೂ ಗೊತ್ತಿರಲಿಲ್ಲ. ಲಿಗಾಯ ಫೋನು ತೆಗೆದು ಪೊಲೀಸರ ಮೂರು ಅಂಕಿ ಒತ್ತಿದಳು. ಅತ್ತ ಕಡೆಯ ಹೆಂಗಸು ವಿಳಾಸ ಕೇಳಿದಳು. ಲಿಗಾಯ ಹೇಳಿದಳು. ಸತ್ತವರ ಹೆಸರು ಕೇಳಿದಳು. ಅದನ್ನೂ ಹೇಳಿ, ಒಂದೊಂದೇ ಅಕ್ಷರ ಬಿಡಿಸಿ ಹೇಳಿದಳು.

"ಬಾಗಿಲು ಹಾಕೋ ವಿಶ್ವಾಸ್!" ಅನುಸೂಯಾ ಕೂಗಿದರು. "ಜನ ನೋಡ್ತಿದಾರೆ!"

ವಿಶ್ವಾಸ್ ಗೋಡೆಯ ಸ್ವಿಚ್ಚು ಒತ್ತಿದ. ಮೋಟಾರು ಗುಂಯ್ ಎಂದು ಓಡಿತು, ಸರಪಳಿ ಸರಿದಾಡಿತು. ಬಾಗಿಲು ಇಳಿಯಲಿಲ್ಲ. ಮತ್ತೆ ಒತ್ತಿದ. ಮತ್ತೆ ಒತ್ತಿದ. ಮೇಲೆ ಮೋಟಾರು ಬರಿದೇ ಓಡುತ್ತಿತ್ತು. ಬಾಗಿಲು ಮೇಲೆಯೇ ಇತ್ತು, ಹಗ್ಗದ ತುದಿಯಲ್ಲಿ ಕೆಂಪು ಹಿಡಿ ಇನ್ನೂ ಅಲ್ಲಾಡುತ್ತಿತ್ತು.